ಗೆಳೆಯರ ಕಷ್ಟವನ್ನು ಚಿತ್ರ ಮಾಡುವ ಮೊದಲು ನಿಮ್ಮ ಲೆಕ್ಕ ತೆಗೆಯಿರಿ

ಪ್ರಶ್ನೆ: ನನಗೆ 25 ವರ್ಷ. ಊರು ಹಾಸನ. ಎಂಜಿನಿಯರಿಂಗ್ ಮುಗಿಸಿ ಕೆಲಸ ಹುಡುಕಿ ಸಾಕಾಗಿ, ಈಗ ಮದುವೆ ವಿಡಿಯೋ ಮಾಡುತ್ತೇನೆ. ಜೊತೆಗೆ ಬೆಳೆದ ಮೂವರು ಗೆಳೆಯರಿದ್ದಾರೆ. ಒಬ್ಬ ಬೆಂಗಳೂರಿನಲ್ಲಿ ಫುಡ್ ಡೆಲಿವರಿ ಮಾಡಿ ವಾಪಸ್ ಬಂದಿದ್ದಾನೆ. ಒಬ್ಬ ಪಿಎಸ್‌ಐ ಪರೀಕ್ಷೆಗೆ ಓದುತ್ತಲೇ ಇದ್ದಾನೆ. ಇನ್ನೊಬ್ಬ ಸಕಲೇಶಪುರದ ಹತ್ತಿರ ಅಪ್ಪನ ಮೂರು ಎಕರೆ ಕಾಫಿ ತೋಟ ನೋಡಿಕೊಳ್ಳುತ್ತಾನೆ, ಅವನಿಗೆ ಹೆಣ್ಣು ಸಿಗುತ್ತಿಲ್ಲ. ನಮ್ಮ ನಾಲ್ವರ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಬೇಕೆಂಬ ಆಸೆ. ಹೇಳಿದಾಗ ಡೆಲಿವರಿ ಮಾಡುತ್ತಿದ್ದ ಗೆಳೆಯ "ನಮ್ಮ ಬಡತನ ತೋರ್ಸಿ ನೀನು ಹೆಸರು ಮಾಡ್ಕೋತೀಯಾ?" ಅಂದ. ಅಲ್ಲಿಗೇ ನಿಂತಿದೆ. ಹೇಗೆ ಶುರು ಮಾಡಲಿ? ನಾನೂ ಚಿತ್ರದಲ್ಲಿ ಇರಬೇಕಾ? ಯಾವ ಕ್ಯಾಮೆರಾ, ಎಷ್ಟು ಖರ್ಚು? ಮುಗಿದ ಮೇಲೆ ಎಲ್ಲಿ ತೋರಿಸುವುದು? ತೋಟದ್ದು ಡ್ರೋನ್ ಶಾಟ್ ಇದ್ದರೆ ಚೆನ್ನಾಗಿರುತ್ತದಾ?

ಉತ್ತರ: ನಿಮ್ಮ ಗೆಳೆಯ ಸರಿಯಾದ ಪ್ರಶ್ನೆಯನ್ನೇ ಕೇಳಿದ್ದಾನೆ. ಅದನ್ನು ಬೇಜಾರಿನ ಮಾತು ಅಂತ ಪಕ್ಕಕ್ಕೆ ಸರಿಸಬೇಡಿ. ಕ್ಯಾಮೆರಾ, ಖರ್ಚು, ಡ್ರೋನ್ ಇವೆಲ್ಲಕ್ಕಿಂತ ಮೊದಲು ಬಗೆಹರಿಯಬೇಕಾದದ್ದು ಅದೇ. ನಾಳೆ ಚಿತ್ರ ಯಾವುದೋ ಉತ್ಸವಕ್ಕೆ ಹೋದರೆ ವೇದಿಕೆ ಹತ್ತುವವರು ನೀವು. ಊರಿನಲ್ಲಿ "ಆ ವಿಡಿಯೋದಲ್ಲಿ ಸಾಲದ ವಿಷಯ ಹೇಳ್ಕೊಂಡಿದ್ದ ಹುಡುಗ ಇವನೇ ಅಲ್ವಾ?" ಅನ್ನಿಸಿಕೊಳ್ಳುವವನು ಅವನು. ಹಾಸನದಂಥ ಊರಿನಲ್ಲಿ ಸಾವಿರಾರು ಜನ ನೋಡುವುದು ದೊಡ್ಡ ವಿಷಯವಲ್ಲ. ನೋಡಬಾರದ ನಾಲ್ಕು ಜನ ನೋಡಿದರೆ ಸಾಕು: ಅಂಗಡಿಯವರು, ಸೋದರಮಾವ, ಮದುವೆ ಬ್ರೋಕರ್, ಕೈಸಾಲ ಕೊಟ್ಟವರು. ಈ ವ್ಯತ್ಯಾಸ ಅವನಿಗೆ ಕಂಡಿದೆ. ನಿಮಗೂ ಕಾಣಬೇಕು.

ಹಾಗಾಗಿ ನನ್ನ ಸಲಹೆ ಒಂದೇ. ಅವರ ಲೆಕ್ಕ ಕೇಳುವ ಮೊದಲು ನಿಮ್ಮ ಲೆಕ್ಕ ಬಿಚ್ಚಿಡಿ. ಅದೂ ಕ್ಯಾಮೆರಾ ಮುಂದೆ. ನಿಮ್ಮ ಕೈಯಲ್ಲಿರುವ ಕ್ಯಾಮೆರಾ ಯಾರ ದುಡ್ಡಿನದು? ಅಮ್ಮ ಎತ್ತಿದ ಚೀಟಿಯದಾ, ಸಂಘದ ಸಾಲದ್ದಾ, ಇನ್ನೂ ಇಎಂಐ ಕಟ್ಟುತ್ತಿದ್ದೀರಾ? ಓದಿಗೆ ಮಾಡಿದ ಸಾಲ ತೀರಿದೆಯಾ? ಒಂದು ಮದುವೆಗೆ ಎಷ್ಟು ಸಿಗುತ್ತದೆ, ಅದರಲ್ಲಿ ಸ್ಟುಡಿಯೋದವರು ಎಷ್ಟು ಇಟ್ಟುಕೊಳ್ಳುತ್ತಾರೆ, ಬಾಕಿ ಬರುವುದಕ್ಕೆ ಎಷ್ಟು ತಿಂಗಳು ಫೋನ್ ಮಾಡಬೇಕು? ಆಷಾಢದಲ್ಲಿ ಮದುವೆ ಇಲ್ಲ. ಪಿತೃಪಕ್ಷದಲ್ಲಿ ಇಲ್ಲ. ಧನುರ್ಮಾಸದಲ್ಲೂ ಇಲ್ಲ. ಆ ದಿನಗಳಲ್ಲಿ ಮನೆಗೆ ಏನು ಕೊಡುತ್ತೀರಿ? ಕೊಡದಿದ್ದಾಗ ಅಪ್ಪ ಏನನ್ನುತ್ತಾರೆ? ನೆಂಟರು "ಎಂಜಿನಿಯರಿಂಗ್ ಮಾಡಿ ಮದುವೆ ವಿಡಿಯೋನಾ?" ಅಂದಾಗ ನೀವು ಏನು ಹೇಳುತ್ತೀರಿ? ಒಂದು ಸಂಜೆ ಕೂತು ಇದನ್ನೆಲ್ಲ ರೆಕಾರ್ಡ್ ಮಾಡಿ. ಆಮೇಲೆ ಆ ಗೆಳೆಯನಿಗೆ ತೋರಿಸಿ. "ಈಗ ನೀನು ಹೇಳು" ಅಂತ ಕೇಳಬೇಡಿ. ಸುಮ್ನೆ ತೋರಿಸಿ, ಟೀ ಕುಡಿದು ಬನ್ನಿ.

ಅವನು ಒಪ್ಪುತ್ತಾನೆ ಅಂತ ನಾನು ಗ್ಯಾರಂಟಿ ಕೊಡಲಾರೆ. ಒಪ್ಪದಿದ್ದರೂ ನಿಮ್ಮ ಚಿತ್ರದ ಮೊದಲ ಹತ್ತು ನಿಮಿಷ ನಿಮ್ಮ ಕೈಯಲ್ಲಿರುತ್ತದೆ. ಅದು ಸಣ್ಣದಲ್ಲ.

ಅಂದರೆ ನೀವು ಚಿತ್ರದಲ್ಲಿ ಇರಬೇಕಾ ಅನ್ನುವುದಕ್ಕೆ ಉತ್ತರ ಇರಲೇಬೇಕು ಅಂತ. ಪ್ರತಿ ಶಾಟಿನಲ್ಲೂ ಮುಖ ತೋರಿಸಿ ಅಂತಲ್ಲ. ನಿಮ್ಮ ದನಿ ಇರಲಿ, ನಿಮ್ಮ ಪ್ರಶ್ನೆ ಕೇಳಿಸಲಿ, ನಿಮ್ಮ ಪಾಲು ಏನು ಅಂತ ನೋಡುವವರಿಗೆ ಗೊತ್ತಾಗಲಿ. ಅಮೆರಿಕದ ಬಿಂಗ್ ಲಿಯು 2018ರಲ್ಲಿ 'ಮೈಂಡಿಂಗ್ ದ ಗ್ಯಾಪ್' ಅನ್ನುವ ಸಾಕ್ಷ್ಯಚಿತ್ರ ಮಾಡಿದರು. ಇಲಿನಾಯ್ ರಾಜ್ಯದ ರಾಕ್‌ಫರ್ಡ್ ಅನ್ನುವ ಊರು. ಕಾರ್ಖಾನೆಗಳು ಸೊರಗಿದ ಊರು ಅದು. ಅಲ್ಲಿ ಜೊತೆಗೆ ಸ್ಕೇಟ್‌ಬೋರ್ಡ್ ಆಡುತ್ತಾ ಬೆಳೆದ ಹುಡುಗರು ದೊಡ್ಡವರಾಗಿ ಕೆಲಸ, ಬಾಡಿಗೆ, ಮಗು, ಜಗಳಗಳ ನಡುವೆ ಸಿಕ್ಕಿಕೊಳ್ಳುವ ಕತೆ. ಗೆಳೆಯರ ಮನೆಗಳಲ್ಲಿ ನಡೆದ ಹಿಂಸೆಯ ಬಗ್ಗೆ ಕೇಳುವ ಲಿಯು, ತಮ್ಮ ತಾಯಿಯನ್ನೇ ಕ್ಯಾಮೆರಾ ಮುಂದೆ ಕೂರಿಸಿ ಮಲತಂದೆಯ ಹೊಡೆತದ ಬಗ್ಗೆಯೂ ಕೇಳುತ್ತಾರೆ. ಆ ಚಿತ್ರ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. ಆದರೆ ನಿಮಗೆ ಬೇಕಾದ ವಿಷಯ ಅದಲ್ಲ. ಬೇರೆಯವರ ಮನೆಯ ಗುಟ್ಟು ಕೇಳುವ ಹಕ್ಕು ಅವರಿಗೆ ಎಲ್ಲಿಂದ ಬಂತು ಅನ್ನುವುದು ಮುಖ್ಯ. ತಮ್ಮ ಮನೆಯ ಗುಟ್ಟನ್ನೂ ಅದೇ ಚಿತ್ರದಲ್ಲಿ ಇಟ್ಟರು, ಅದಕ್ಕೇ ಬಂತು.

ಈಗ ಕಷ್ಟವನ್ನು ತೋರಿಸುವುದು ಹೇಗೆ ಅನ್ನುವ ವಿಷಯ. ನಾನು ಸಂಕಲನ ಮಾಡುವವನು. ಮೊದಲ ಚಿತ್ರ ಮಾಡುವವರು ತಂದುಕೊಡುವ ತುಣುಕುಗಳಲ್ಲಿ ಒಂದು ಶಾಟ್ ತಪ್ಪದೇ ಇರುತ್ತದೆ. ಹುಡುಗ ಕೆರೆ ಏರಿ ಮೇಲೆ ಕೂತು ದೂರ ನೋಡುತ್ತಿರುತ್ತಾನೆ, ಹಿಂದೆ ಕೊಳಲು. ಅದರಿಂದ ಅವನು ಬೇಸರದಲ್ಲಿದ್ದಾನೆ ಅಂತ ಗೊತ್ತಾಗುತ್ತದೆಯೇ ಹೊರತು ಯಾಕೆ ಅಂತ ಗೊತ್ತಾಗುವುದಿಲ್ಲ. ಕಷ್ಟ ಇರುವುದು ವ್ಯವಹಾರದಲ್ಲಿ. 239 ರೂಪಾಯಿ ರೀಚಾರ್ಜ್ ಈ ವಾರ ಮಾಡಿಸುವುದಾ ಮುಂದಿನ ವಾರವಾ ಅನ್ನುವ ಯೋಚನೆಯಲ್ಲಿ. ಗೆಳೆಯನ ಮದುವೆಗೆ ಮುಯ್ಯಿ ಎಷ್ಟು ಹಾಕಬೇಕು ಅನ್ನುವ ಪಿಸುಮಾತಿನಲ್ಲಿ. "ಬೈಕ್‌ಗೆ ಪೆಟ್ರೋಲ್ ಹಾಕ್ಸು, ನಾನು ಬರ್ತೀನಿ" ಅನ್ನುವ ಮಾತಿನಲ್ಲಿ. ಇಂಥ ಒಂದು ನಿಮಿಷ ಸಿಕ್ಕರೆ ಕೆರೆ ಏರಿಯ ಹತ್ತು ಶಾಟ್ ಬಿಸಾಕಬಹುದು.

ಅದಕ್ಕೇ "ಹೇಗನ್ನಿಸುತ್ತೆ?" ಅಂತ ಕೇಳಬೇಡಿ. ಟಿವಿಯವರು ಹಾಗೆ ಕೇಳಿ ಕೇಳಿ ಎಲ್ಲರಿಗೂ ಉತ್ತರ ಬಾಯಿಪಾಠವಾಗಿದೆ. "ನಿನ್ನೆ ಎಷ್ಟು ಖರ್ಚಾಯ್ತು? ಯಾರಿಗೆ ಫೋನ್ ಮಾಡಿದೆ? ಯಾರ ಫೋನ್ ಎತ್ತಲಿಲ್ಲ?" ಅಂತ ಕೇಳಿ. ಉತ್ತರ ಹೇಳುವಾಗ ಕೈ ಏನಾದರೂ ಮಾಡುತ್ತಿರಲಿ. ಬೈಕ್ ತೊಳೆಯುತ್ತಾ, ಅನ್ನಕ್ಕೆ ಇಡುತ್ತಾ, ತೋಟದಲ್ಲಿ ಚಿಗುರು ತೆಗೆಯುತ್ತಾ ಹೇಳುವ ಮಾತು ಕುರ್ಚಿ ಮೇಲೆ ಕೂತು ಹೇಳುವ ಮಾತಿಗಿಂತ ನಿಜವಾಗಿರುತ್ತದೆ.

ಸರ್ಕಾರಿ ಅಂಕಿ ಅಂಶ ಹಾಕಬೇಕು ಅಂತ ನಿಮಗೆ ಅನ್ನಿಸಬಹುದು. ಹಾಕಿ, ಆದರೆ ಅದರ ಹೊಟ್ಟೆಯಲ್ಲಿ ಏನಿದೆ ನೋಡಿ ಹಾಕಿ. ಕೇಂದ್ರದ ಕಾರ್ಮಿಕ ಸಮೀಕ್ಷೆ ಪ್ರಕಾರ 2023ರ ಜುಲೈನಿಂದ 2024ರ ಜೂನ್‌ವರೆಗೆ ದೇಶದ 15ರಿಂದ 29 ವರ್ಷದವರಲ್ಲಿ ನಿರುದ್ಯೋಗ ಶೇ. 10.2. ಇಷ್ಟೇನಾ ಅನ್ನಿಸುತ್ತದೆ. ಆದರೆ ಮನೆಯ ಜಮೀನಿನಲ್ಲೋ ಅಂಗಡಿಯಲ್ಲೋ ಸಂಬಳ ಇಲ್ಲದೆ ದುಡಿಯುವವರನ್ನೂ ಆ ಸಮೀಕ್ಷೆ ಕೆಲಸ ಇರುವವರು ಅಂತಲೇ ಎಣಿಸುತ್ತದೆ. ಅದರ ವಾರದ ಲೆಕ್ಕದಲ್ಲಿ ಏಳು ದಿನಕ್ಕೆ ಒಂದು ಗಂಟೆ ದುಡಿದರೂ ಕೆಲಸ ಇದ್ದ ಹಾಗೆಯೇ. ನಿಮ್ಮ ಸಕಲೇಶಪುರದ ಗೆಳೆಯನನ್ನು ತೆಗೆದುಕೊಳ್ಳಿ. ತೋಟದ ಪಹಣಿ ಅಪ್ಪನ ಹೆಸರಿನಲ್ಲಿದೆ. ಕಾಫಿ ಮಾರಿದ ದುಡ್ಡು ಅಪ್ಪನ ಖಾತೆಗೆ ಬರುತ್ತದೆ. ಇವನು ಬೆಳಿಗ್ಗೆಯಿಂದ ಸಂಜೆವರೆಗೆ ದುಡಿಯುತ್ತಾನೆ, ಚಪ್ಪಲಿ ಕೊಳ್ಳಬೇಕಾದರೂ ಕೇಳಬೇಕು. ಲೆಕ್ಕದಲ್ಲಿ ಅವನಿಗೆ ಕೆಲಸ ಇದೆ. ಹೆಣ್ಣು ನೋಡಲು ಹೋದ ಮನೆಯಲ್ಲಿ ಇಲ್ಲ. ಈ ಎರಡನ್ನೂ ಪಕ್ಕ ಪಕ್ಕ ಇಟ್ಟರೆ ಅಂಕಿಗೆ ಜೀವ ಬರುತ್ತದೆ.

ಇನ್ನೊಂದು ಉದಾಹರಣೆ ಯುವನಿಧಿ. 2024ರ ಜನವರಿಯಲ್ಲಿ ಶಿವಮೊಗ್ಗದಲ್ಲಿ ಚಾಲನೆ ಕೊಟ್ಟ ಯೋಜನೆ. ಪದವಿ ಮುಗಿಸಿ ಆರು ತಿಂಗಳಾದರೂ ಕೆಲಸ ಸಿಗದವರಿಗೆ ತಿಂಗಳಿಗೆ 3,000 ರೂಪಾಯಿ, ಡಿಪ್ಲೊಮಾದವರಿಗೆ 1,500, ಹೆಚ್ಚೆಂದರೆ ಎರಡು ವರ್ಷ. ಅದನ್ನು ಪಡೆಯಲು ತನಗೆ ಕೆಲಸ ಸಿಕ್ಕಿಲ್ಲ ಅಂತ ಹುಡುಗ ತಾನೇ ಘೋಷಣೆ ಕೊಡಬೇಕು. ನಿಮ್ಮ ಪರಿಚಯದವರು ಯಾರಾದರೂ ಅದನ್ನು ತುಂಬುತ್ತಿದ್ದರೆ, ಅವರು ಒಪ್ಪಿದರೆ, ಆ ಕೆಲಸವನ್ನು ಕತ್ತರಿಸದೆ ಪೂರ್ತಿ ಚಿತ್ರಿಸಿ. ಒಟಿಪಿ ಬರುವವರೆಗಿನ ಕಾಯುವಿಕೆಯೂ ಇರಲಿ. ಅದರ ಮೇಲೆ ಯಾವ ಮಾತೂ ಬೇಡ.

ಪಿಎಸ್‌ಐ ಪರೀಕ್ಷೆಯ ಗೆಳೆಯನ ಕತೆ ಮೇಲ್ನೋಟಕ್ಕೆ ಕಷ್ಟದ್ದು, ಯಾಕೆಂದರೆ ಓದುವುದರಲ್ಲಿ ನೋಡುವುದೇನಿದೆ? ಆದರೆ ಅವನ ಕತೆ ಇರುವುದು ಪುಸ್ತಕದಲ್ಲಲ್ಲ, ಕ್ಯಾಲೆಂಡರಿನಲ್ಲಿ. 545 ಪಿಎಸ್‌ಐ ಹುದ್ದೆಗಳಿಗೆ 2021ರ ಅಕ್ಟೋಬರ್‌ನಲ್ಲಿ ಪರೀಕ್ಷೆ ನಡೆಯಿತು. ಮರುವರ್ಷ ಅಕ್ರಮ ಬಯಲಾಯಿತು, ಪರೀಕ್ಷೆ ರದ್ದಾಯಿತು. ಮರುಪರೀಕ್ಷೆ ನಡೆದದ್ದು 2024ರ ಜನವರಿಯಲ್ಲಿ. ಎರಡು ವರ್ಷಕ್ಕೂ ಮೇಲೆ. ಆ ಹೊತ್ತಿಗೆ ಎಷ್ಟೋ ಹುಡುಗರ ಮನೆಯಲ್ಲಿ ತಂಗಿಗೆ ಮದುವೆಯಾಗಿ ಮಗುವಾಗಿತ್ತು, ಎಷ್ಟೋ ಜನ ವಯಸ್ಸಿನ ಮಿತಿಯ ಅಂಚಿಗೆ ಬಂದಿದ್ದರು. ನಿಮ್ಮ ಗೆಳೆಯನ ಬದುಕಿನ ಕ್ಯಾಲೆಂಡರನ್ನೂ ನೇಮಕಾತಿಯ ಕ್ಯಾಲೆಂಡರನ್ನೂ ಪಕ್ಕದಲ್ಲಿಟ್ಟು ನೋಡಿ. ಯಾವ ತಿಂಗಳು ಅವನು ಯಾರ ಮದುವೆಗೆ ಹೋಗಲಿಲ್ಲ? ಯಾವಾಗಿನಿಂದ ಸಂಜೆ ಎನ್.ಆರ್. ವೃತ್ತದ ಕಡೆ ಬರುವುದು ಬಿಟ್ಟ? ಬೆಳಗಿನ ಜಾವ ಕ್ರೀಡಾಂಗಣದ ಓಟ ಚಿತ್ರಿಸಿ. ಆದರೆ ವೀರಾವೇಶದ ಸಂಗೀತ ಹಾಕಿ ಜಾಹೀರಾತು ಮಾಡಬೇಡಿ. ಓಡಿ ಬಂದ ಮೇಲೆ ಅವನು ಕಾಲು ನೀವಿಕೊಳ್ಳುತ್ತಾನಲ್ಲ, ಅದು ಜಾಸ್ತಿ ಹೇಳುತ್ತದೆ.

ಡೆಲಿವರಿ ಗೆಳೆಯನ ವಿಷಯದಲ್ಲಿ ಇನ್ನೊಂದು ಇಕ್ಕಟ್ಟಿದೆ. ಅವನ ಕತೆಯ ದೊಡ್ಡ ಭಾಗ ಆಗಿಹೋಗಿದೆ, ಅದೂ ಬೆಂಗಳೂರಿನಲ್ಲಿ. ಅದನ್ನು ಮತ್ತೆ ನಟಿಸಿ ತೋರಿಸು ಅನ್ನಬೇಡಿ. ಫೋನಿನಲ್ಲಿ ಹಳೆಯ ಗಳಿಕೆಯ ಪಟ್ಟಿ ಇದ್ದರೆ ಅದನ್ನು ತೆಗೆದು ಓದಲಿ. ಒಂದು ದಿನದ್ದು ಸಾಕು. ಎಷ್ಟು ಆರ್ಡರ್, ಎಷ್ಟು ಕಿಲೋಮೀಟರ್, ಪೆಟ್ರೋಲ್ ಕಳೆದು ಉಳಿದದ್ದು ಎಷ್ಟು, ರೂಮಿನ ಬಾಡಿಗೆಗೆ ಹೋದದ್ದು ಎಷ್ಟು. 2025ರಲ್ಲಿ ಕರ್ನಾಟಕ ಗಿಗ್ ಕಾರ್ಮಿಕರ, ಅಂದರೆ ಇವನ ಹಾಗೆ ಆ್ಯಪ್ ಮೂಲಕ ದುಡಿಯುವವರ, ಸಾಮಾಜಿಕ ಭದ್ರತೆಗೆ ಕಾನೂನು ತಂದಿದೆ. ಕಾರ್ಮಿಕರಿಗೆ ಕೊಡುವ ಪಾವತಿಯ ಮೇಲೆ ಕಂಪನಿಗಳು ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕ ಕಟ್ಟಬೇಕು. ಇವನು ಅಷ್ಟರಲ್ಲಿ ವಾಪಸ್ ಬಂದಿದ್ದನಾ, ಇದು ಅವನಿಗೆ ಗೊತ್ತಿತ್ತಾ, ಕೇಳಿ. ನನಗೆ ಕುತೂಹಲ ಇರುವುದು ಬೇರೆ ಕಡೆ. ಅವನು ಹಾಸನದ ಬಸ್ ಸ್ಟ್ಯಾಂಡಿನಲ್ಲಿ ಬ್ಯಾಗ್ ಇಳಿಸಿದ ದಿನ ಮನೆಯಲ್ಲಿ ಏನು ಹೇಳಿದ? ರಜೆ ಅಂದನಾ, ಬಿಟ್ಟೆ ಅಂದನಾ? ವಾಪಸ್ ಬಂದದ್ದಕ್ಕೆ ಊರಿಗೆ ಒಂದು ಕಾರಣ ಹೇಳಬೇಕಾಗುತ್ತದೆ. ಹೇಳಿದ ಕಾರಣಕ್ಕೂ ನಿಜದ ಕಾರಣಕ್ಕೂ ನಡುವೆ ಒಂದು ಇಡೀ ಚಿತ್ರ ಇದೆ.

ತೋಟದ ಗೆಳೆಯನಿಗಾಗಿ ನೀವು ವರ್ಷಪೂರ್ತಿ ಹೋಗಬೇಕಾಗುತ್ತದೆ. ದೇಶದ ಕಾಫಿಯಲ್ಲಿ ಸುಮಾರು ಶೇ. 70 ಕರ್ನಾಟಕದ್ದು. ಬೆಳೆಗಾರರಲ್ಲಿ ಬಹುಪಾಲು ಸಣ್ಣವರು. ಆದರೆ ಹೊರಗಿನವರ ಕಣ್ಣಿಗೆ ಸಕಲೇಶಪುರ, ಮೂಡಿಗೆರೆ, ಚಿಕ್ಕಮಗಳೂರು ಅಂದರೆ ಮಂಜು, ಹೋಂಸ್ಟೇ, ಜೀಪ್ ಸವಾರಿ. ಕಾಫಿ ತೋಟ ಇದೆ ಅಂದ ತಕ್ಷಣ ಸಾಹುಕಾರ ಅಂದುಕೊಳ್ಳುತ್ತಾರೆ. ಈ ಸುಳ್ಳನ್ನು ಮುರಿಯಬೇಕಾದರೆ ತೋಟದ ವರ್ಷ ಗೊತ್ತಿರಬೇಕು. ಅರೇಬಿಕಾ ಕೊಯ್ಲು ನವೆಂಬರ್‌ನಿಂದ ಜನವರಿ, ರೋಬಸ್ಟಾ ಜನವರಿಯಿಂದ ಮಾರ್ಚ್‌ವರೆಗೆ. ಬೇಸಿಗೆಯಲ್ಲಿ ಹೂಮಳೆ ಬಂತಾ ಇಲ್ವಾ ಅನ್ನುವುದರ ಮೇಲೆ ಮುಂದಿನ ಬೆಳೆ ನಿಂತಿದೆ. ಮಳೆಗಾಲದಲ್ಲಿ ಕಾಯಿ ಉದುರುವ ಚಿಂತೆ. ಇದರ ಜೊತೆ ಸಕಲೇಶಪುರ, ಆಲೂರು, ಬೇಲೂರು ಕಡೆ ಆನೆ. ಇವತ್ತು ಕೆಲಸಕ್ಕೆ ಜನ ಬರುತ್ತಾರಾ ಅನ್ನುವುದು ರಾತ್ರಿ ಆನೆ ಎಲ್ಲಿತ್ತು ಅನ್ನುವ ವಾಟ್ಸಾಪ್ ಸಂದೇಶದ ಮೇಲೆ ತೀರ್ಮಾನವಾಗುತ್ತದೆ. 2024ರಲ್ಲಿ ರೋಬಸ್ಟಾ ಬೆಲೆ ದಾಖಲೆ ಮಟ್ಟ ಮುಟ್ಟಿತು. ಆಗ ಇವನ ಮನೆಯಲ್ಲಿ ಏನಾಯಿತು? ಹಳೆ ಸಾಲ ತೀರಿತಾ, ಕಾಫಿ ಮೊದಲೇ ಮಾರಿಬಿಟ್ಟಿದ್ದರಾ? ಬೆಲೆ ಏರಿದ ವರ್ಷದಲ್ಲೂ ಹೆಣ್ಣು ಸಿಗಲಿಲ್ಲ ಅಂದರೆ, ಕಾರಣ ದುಡ್ಡು ಒಂದೇ ಅಲ್ಲ ಅಂತ ಆಯಿತು.

ಹೆಣ್ಣಿನ ವಿಷಯಕ್ಕೆ ಬರೋಣ. ಇಲ್ಲಿ ತುಂಬಾ ಎಚ್ಚರ ಬೇಕು. 2023ರ ಫೆಬ್ರವರಿಯಲ್ಲಿ ಮಂಡ್ಯ ಕಡೆಯ ಅವಿವಾಹಿತ ಯುವಕರು ಹೆಣ್ಣು ಸಿಗಲಿ ಅಂತ ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದರು. ಎಷ್ಟೋ ಕಡೆ ಅದು ತಮಾಷೆಯ ಸುದ್ದಿಯಾಯಿತು. ಆ ಹುಡುಗರು ಹೇಳುತ್ತಿದ್ದದ್ದು ಬೇಸಾಯದ ಬಗ್ಗೆ. ಕೇಳಿಸಿದ್ದು ಜೋಕ್. ನಿಮ್ಮ ಚಿತ್ರ ಆ ತಪ್ಪು ಮಾಡಬಾರದು. ಅದಕ್ಕೆ ವಿರುದ್ಧದ ತಪ್ಪನ್ನೂ ಮಾಡಬಾರದು. ಅಂದರೆ "ಈಗಿನ ಹುಡುಗಿಯರಿಗೆ ಸಿಟಿ ಹುಡುಗನೇ ಬೇಕು" ಅಂತ ಎಲ್ಲವನ್ನೂ ಹುಡುಗಿಯರ ತಲೆಗೆ ಕಟ್ಟುವುದು. ಬೇಡ ಅಂದ ಹುಡುಗಿಗೂ ಅವಳದೇ ಲೆಕ್ಕ ಇರುತ್ತದೆ. ಅವಳ ಅಮ್ಮ ಹಟ್ಟಿ, ಒಲೆ, ತೋಟ ಅಂತ ದುಡಿದು ಕೈಯಲ್ಲಿ ಒಂದು ರೂಪಾಯಿ ನೋಡದೆ ಇದ್ದದ್ದನ್ನು ಅವಳು ನೋಡಿರುತ್ತಾಳೆ.

ನಿಮ್ಮ ಪತ್ರದಲ್ಲಿ ನಾಲ್ವರೂ ಹುಡುಗರು. ನಿಮ್ಮ ಜೊತೆ ಓದಿದ ಹುಡುಗಿಯರು ಎಲ್ಲಿದ್ದಾರೆ? ಯಾರಾದರೂ ಕೈಗಾರಿಕಾ ಪ್ರದೇಶದ ಬಟ್ಟೆ ಕಾರ್ಖಾನೆಗೆ ಹೋಗುತ್ತಿರಬಹುದು. ಯಾರಾದರೂ ಖಾಸಗಿ ಶಾಲೆಯಲ್ಲಿ ಪಾಠ ಮಾಡುತ್ತಿರಬಹುದು. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಸರ್ಕಾರಿ ಬಸ್ಸು ಹೆಂಗಸರಿಗೆ ಉಚಿತ. ಆ ಶೂನ್ಯ ಟಿಕೆಟ್ ಒಬ್ಬಳ ತಿಂಗಳ ಲೆಕ್ಕವನ್ನು ಹೇಗೆ ಬದಲಿಸಿತು, ಉಳಿದ ದುಡ್ಡು ಅವಳ ಕೈಯಲ್ಲೇ ಉಳಿಯಿತಾ ಅಂತ ಅವಳೇ ಹೇಳಲಿ. ಒಬ್ಬಳಾದರೂ ಚಿತ್ರದಲ್ಲಿ ಇರಬೇಕು ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ಅವಳಿಗೆ ಮುಖ ತೋರಿಸಲು ಇಷ್ಟವಿಲ್ಲದಿದ್ದರೆ ಕೈ, ದನಿ ಸಾಕು. ನಿಮಗೆ ಚಿತ್ರ ಮುಗಿದರೆ ಮುಗಿಯಿತು. ಅವಳಿಗೆ ಅದು ಮದುವೆ ಮಾತುಕತೆಯವರೆಗೂ ಹಿಂದೆ ಬರುತ್ತದೆ.

ಜಾತಿಯ ಮಾತೂ ಬಂದೇ ಬರುತ್ತದೆ. ರೂಮ್ ಬಾಡಿಗೆಗೆ ಕೇಳುವಾಗ, ಹೆಣ್ಣು ಕೇಳುವಾಗ, ತೋಟದ ಮನೆಗೂ ಕೂಲಿಯವರ ಲೈನ್ ಮನೆಗೂ ನಡುವೆ. ನೀವು ನಾಲ್ವರು ಗೆಳೆಯರು, ಸರಿ. ಆದರೆ ನಾಲ್ವರೂ ಒಬ್ಬರ ಮನೆಯ ಅಡುಗೆಮನೆಗೆ ಇನ್ನೊಬ್ಬರು ಹೋಗುತ್ತೀರಾ? ಈ ಪ್ರಶ್ನೆ ಕೇಳಿಕೊಳ್ಳದೆ "ಸಾಮಾಜಿಕ ಕಷ್ಟ" ಅಂತ ಚಿತ್ರ ಮಾಡಿದರೆ ಅರ್ಧ ಬಿಟ್ಟ ಹಾಗೆ.

ಒಪ್ಪಿಗೆಯ ವಿಷಯ. ಒಂದು ಪುಟದ ಕಾಗದ, ಕನ್ನಡದಲ್ಲಿ, ಓದಿದರೆ ಅರ್ಥವಾಗುವ ಹಾಗೆ ಬರೆಯಿರಿ. ಏನು ಚಿತ್ರಿಸುತ್ತೀರಿ, ಎಲ್ಲಿ ತೋರಿಸುತ್ತೀರಿ, ಯಾವ ಹಂತದವರೆಗೆ "ಇದು ಬೇಡ" ಅನ್ನಬಹುದು ಅಂತ. ಅಂತಿಮ ಸಂಕಲನಕ್ಕೆ ಮೊದಲು ಯಾವುದನ್ನಾದರೂ ತೆಗೆಸುವ ಹಕ್ಕು ಅವರಿಗೆ ಕೊಡಿ. ವೃತ್ತಿಪರರು ಇದಕ್ಕೆ ಮೂಗು ಮುರಿಯುತ್ತಾರೆ. ಅಧಿಕಾರದಲ್ಲಿ ಇರುವವರ ಬಗ್ಗೆ ಚಿತ್ರ ಮಾಡುವಾಗ ಅವರು ಹೇಳುವುದು ಸರಿ, ಅಂಥವರ ಕೈಗೆ ಕತ್ತರಿ ಕೊಡಬಾರದು. ಗೆಳೆಯನ ಸಾಲದ ಬಗ್ಗೆ ಮಾಡುವಾಗ ಕೊಡಬೇಕು. ಸಹಿ ಆಯಿತು ಅಂತ ಸುಮ್ಮನಾಗಬೇಡಿ. ಏನಾದರೂ ಭಾರದ ಮಾತು ರೆಕಾರ್ಡ್ ಆದ ಮರುದಿನ ಫೋನ್ ಮಾಡಿ, "ನಿನ್ನೆ ಹೇಳಿದ್ದು ಇಟ್ಕೊಳ್ಲಾ?" ಅಂತ ಕೇಳಿ. ಕುಡಿದು ಹೇಳಿದ ಮಾತು ಎಷ್ಟೇ ಚೆನ್ನಾಗಿರಲಿ, ಬೆಳಿಗ್ಗೆ ಒಪ್ಪಿಗೆ ಸಿಗದೆ ಬಳಸಬೇಡಿ. ನಾಲ್ವರು ಹುಡುಗರ ಚಿತ್ರದಲ್ಲಿ ರಾತ್ರಿ ಪಾರ್ಟಿ ಬರದೆ ಇರುವುದಿಲ್ಲ, ಅದಕ್ಕೇ ಹೇಳಿದೆ.

ಆಧಾರ್, ಬ್ಯಾಂಕ್ ಆ್ಯಪ್, ಫೋನ್ ನಂಬರ್ ತೆರೆಯ ಮೇಲೆ ಬಂದರೆ ಮಸುಕು ಮಾಡಿ. ಸಾಲ ಕೊಟ್ಟವರ ಹೆಸರು ತೆಗೆಯಿರಿ. ಸಾಲ ವಸೂಲಿಯವರು ಬಾಗಿಲಿಗೆ ಬಂದರೆ ಕ್ಯಾಮೆರಾ ಎತ್ತುವ ಮೊದಲು ಮನೆಯವರ ಮುಖ ನೋಡಿ. ಬಲವಂತದ ವಸೂಲಿ ತಡೆಯಲು 2025ರಲ್ಲಿ ರಾಜ್ಯ ಕಾನೂನು ತಂದಿದೆ. ಅಂಥ ಸಂದರ್ಭದಲ್ಲಿ ಗೆಳೆಯನಿಗೆ ಬೇಕಾಗಿರುವುದು ಆ ಮಾಹಿತಿ, ನಿಮ್ಮ ಶಾಟ್ ಅಲ್ಲ. ಕಾರ್ಖಾನೆ, ಕೋಚಿಂಗ್ ಸೆಂಟರ್ ಒಳಗೆ ಅನುಮತಿ ಇಲ್ಲದೆ ಚಿತ್ರಿಸಬೇಡಿ. ಸಿಕ್ಕಿಬಿದ್ದರೆ ಕೆಲಸ ಹೋಗುವುದು ಅವರದ್ದು.

ಇನ್ನು ಕ್ಯಾಮೆರಾ. ಮದುವೆಗೆ ಬಳಸುವುದೇ ಸಾಕು. ಬಿಡಬೇಕಾದದ್ದು ಮದುವೆ ವಿಡಿಯೋದ ಅಭ್ಯಾಸಗಳನ್ನು. ಕ್ಯಾಮೆರಾ ಅಲುಗಾಡದಂತೆ ಹಿಡಿಯುವ ಗಿಂಬಲ್ ಮೇಲೆ ತೇಲುವುದು, ಎಲ್ಲವನ್ನೂ ಸ್ಲೋ ಮೋಷನ್ ಮಾಡುವುದು, ಮೂರು ಸೆಕೆಂಡಿಗೊಂದು ಕಟ್. ಕ್ಯಾಮೆರಾ ಒಂದು ಕಡೆ ಇಡಿ, ಕೈಗೆ ಕೆಲಸ ಇಲ್ಲದ ಹಾಗೆ ಕೂತುಕೊಳ್ಳಿ. ಮೊದಲ ಅರ್ಧ ಗಂಟೆ ಎಲ್ಲರೂ ನಾಟಕ ಆಡುತ್ತಾರೆ, ಆಮೇಲೆ ಮರೆಯುತ್ತಾರೆ. ಸೆಕೆಂಡಿಗೆ 25 ಫ್ರೇಮ್, ಶಟರ್ ವೇಗ 1/50 ಸೆಕೆಂಡ್ ಇಡಿ. ನಮ್ಮ ಕರೆಂಟ್ 50 ಹರ್ಟ್ಜ್, ಹಾಗಾಗಿ ಟ್ಯೂಬ್‌ಲೈಟ್ ಮಿನುಗುವುದಿಲ್ಲ. ಮದುವೆಗೆ 60 ಫ್ರೇಮ್‌ನಲ್ಲಿ ತೆಗೆದು ರೂಢಿಯಾದವರು ಇಲ್ಲಿ ಎಡವುತ್ತಾರೆ.

ದುಡ್ಡು ಹಾಕುವುದಾದರೆ ಶಬ್ದಕ್ಕೆ ಹಾಕಿ. ಅಲುಗಾಡುವ ಚಿತ್ರವನ್ನು ಜನ ಸಹಿಸುತ್ತಾರೆ, ಕೇಳಿಸದ ಮಾತನ್ನು ಸಹಿಸುವುದಿಲ್ಲ. ಮಳೆಗಾಲದಲ್ಲಿ ಶೀಟ್ ಮನೆಯೊಳಗೆ ಮಾತಾಡಿಸಿದರೆ ಬರೀ ಮಳೆಯೇ ಬರುತ್ತದೆ. ಅಂಗಿಗೆ ಸಿಕ್ಕಿಸುವ ಒಂದು ಮೈಕ್ ಇರಲಿ. ಮಾತಾಡಿಸುವ ಮೊದಲು ಟಿವಿ ಆರಿಸಿ. ಹಿಂದೆ ಸಿನಿಮಾ ಹಾಡು ಕೇಳಿಸಿದರೆ ಹಕ್ಕಿನ ತಕರಾರು ಬರುತ್ತದೆ, ಆ ಹಾಡನ್ನು ಮಾತಿನಿಂದ ಬೇರ್ಪಡಿಸುವುದು ಸುಲಭವಲ್ಲ.

ಲೆಕ್ಕ ಹಾಕಬೇಕಾದ ಇನ್ನೊಂದು ಖರ್ಚು ಹಾರ್ಡ್ ಡಿಸ್ಕ್. ಸೆಕೆಂಡಿಗೆ 100 ಮೆಗಾಬಿಟ್‌ನ 4ಕೆ ಅಂದರೆ ಗಂಟೆಗೆ 45 ಜಿಬಿ. ವರ್ಷದಲ್ಲಿ 100 ಗಂಟೆ ಚಿತ್ರಿಸಿದರೆ 4.5 ಟಿಬಿ. ಅದಕ್ಕೆ ನಕಲು ಬೇರೆ. ಕನಿಷ್ಠ ಎರಡು ಪ್ರತಿ, ಒಂದು ನಿಮ್ಮ ಮನೆಯಲ್ಲಿ, ಇನ್ನೊಂದು ಬೇರೆಯವರ ಮನೆಯಲ್ಲಿ. ಇದು ಜಾಸ್ತಿ ಅನ್ನಿಸಿದರೆ 50 ಮೆಗಾಬಿಟ್‌ನ ಎಚ್‌ಡಿಯಲ್ಲಿ ತೆಗೆಯಿರಿ, ಅರ್ಧಕ್ಕೆ ಇಳಿಯುತ್ತದೆ. ಈ ಬಗೆಯ ಚಿತ್ರಕ್ಕೆ ಅದು ಧಾರಾಳ ಸಾಕು. ಸಂಕಲನಕ್ಕೆ ಡಾವಿಂಚಿ ರಿಸಾಲ್ವ್ ಅನ್ನುವ ಸಾಫ್ಟ್‌ವೇರ್‌ನ ಉಚಿತ ಆವೃತ್ತಿ ಸಾಕು.

ಗೆಳೆಯರಿಗೆ ದುಡ್ಡು ಕೊಡಬೇಕಾ? ಮಾತಾಡಿದ್ದಕ್ಕೆ ಕೊಡಬೇಡಿ, ಮಾತು ಕೆಡುತ್ತದೆ. ಆದರೆ ನಿಮ್ಮಿಂದ ಅವರ ಒಂದು ದಿನದ ಕೂಲಿ ಹೋದರೆ, ಪೆಟ್ರೋಲ್ ಖರ್ಚಾದರೆ ತುಂಬಿಕೊಡಿ. ಮುಂದೆ ಬಹುಮಾನವೋ ದುಡ್ಡೋ ಬಂದರೆ ಹೇಗೆ ಹಂಚುವುದು ಅಂತ ಈಗಲೇ ಬರೆದಿಡಿ. "ಏನೂ ಬರಲ್ಲ ಬಿಡೋ" ಅಂತ ನಗುತ್ತಾರೆ. ನಗಲಿ, ಬರೆದಿಡಿ.

ಸಂಕಲನದಲ್ಲಿ ನಾಲ್ವರಿಗೂ ಸಮ ಪಾಲು ಕೊಡಲು ಹೋಗಬೇಡಿ. ಒಬ್ಬೊಬ್ಬರಿಗೆ ಹದಿನೈದು ನಿಮಿಷ ಅಂತ ಹಂಚಿದರೆ ಸರ್ಕಾರಿ ವರದಿ ಆಗುತ್ತದೆ. ಬೇಡ ಅಂದ ಗೆಳೆಯನೇ ನಿಮ್ಮ ಚಿತ್ರದ ನಡುಗಂಬ ಅಂತ ನನಗನ್ನಿಸುತ್ತದೆ. ಅವನ ಅನುಮಾನ, ನಿಮ್ಮ ಉತ್ತರ, ವರ್ಷ ಕಳೆದ ಹಾಗೆ ಅದು ಎತ್ತ ಹೋಗುತ್ತದೆ ಅನ್ನುವುದರ ಸುತ್ತ ಉಳಿದಿಬ್ಬರ ಕತೆ ಕೂರುತ್ತದೆ. ಒಂದು ದಿನ ಕ್ಯಾಮೆರಾ ಅವನ ಕೈಗೆ ಕೊಡಿ. ನಿಮ್ಮನ್ನು ಕೂರಿಸಿ ಅವನು ಪ್ರಶ್ನೆ ಕೇಳಲಿ. "ನನಗೆ ಸಾಲ ಬೇಕು ಅಂದಾಗ ನೀನು ಯಾಕೆ ಕೊಡಲಿಲ್ಲ, ಮರುತಿಂಗಳು ಲೆನ್ಸ್ ತಗೊಂಡೆಯಲ್ಲ?" ಅಂತ ಕೇಳಿದರೂ ಕೇಳಬಹುದು. ಕತ್ತರಿಸಬೇಡಿ.

ತೋರಿಸುವುದು ಎಲ್ಲಿ? ಮೊದಲು ನಾಲ್ವರೇ ಕೂತು ಕಚ್ಚಾ ಸಂಕಲನ ನೋಡಿ. ಆಮೇಲೆ ಅವರವರ ಮನೆಯವರಿಗೆ ಬೇರೆ ಬೇರೆಯಾಗಿ. ಅಪ್ಪನಿಗೆ ಗೊತ್ತಿಲ್ಲದ ಸಾಲ ಅಪ್ಪನಿಗೆ ಮೊದಲು ಗೊತ್ತಾಗುವುದು ಹಾಸನಾಂಬ ಕಲಾಕ್ಷೇತ್ರದ ಪರದೆ ಮೇಲೆ ಆಗಬಾರದು. ಇದಾದ ಮೇಲೆ ಉತ್ಸವಗಳಿಗೆ ಕಳಿಸಿ. ತಿರುವನಂತಪುರದ ಅಂತರರಾಷ್ಟ್ರೀಯ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರೋತ್ಸವ, ಎರಡು ವರ್ಷಕ್ಕೊಮ್ಮೆ ನಡೆಯುವ ಮುಂಬೈ ಅಂತರರಾಷ್ಟ್ರೀಯ ಚಿತ್ರೋತ್ಸವ ಸಾಕ್ಷ್ಯಚಿತ್ರ, ಕಿರುಚಿತ್ರಗಳಂಥವಕ್ಕೇ ಮೀಸಲಾದವು ಅನ್ನಬಹುದು. ಚಿತ್ರ ಅರ್ಧದಲ್ಲಿದ್ದಾಗಲೇ ಹಣ ಹಾಕುವವರ ಮುಂದೆ ಇಡಲು ಕೋಲ್ಕತಾದ ಡಾಕೆಡ್ಜ್ ಅನ್ನುವ ವೇದಿಕೆ ಇದೆ. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಕಲಾವಿದರಿಗೆ ಅನುದಾನ ಕೊಡುತ್ತದೆ, ಅದರ ಅರ್ಜಿ ಕರೆಗಳನ್ನು ನೋಡುತ್ತಿರಿ. ಆದರೆ ಮೊದಲ ಚಿತ್ರಕ್ಕೆ ಯಾರದೋ ದುಡ್ಡು ಬರುತ್ತದೆ ಅಂತ ಕಾಯಬೇಡಿ. ಆಷಾಢದಲ್ಲಿ ಹೇಗೂ ಬಿಡುವಿರುತ್ತದೆ, ಆಗಲೇ ಶುರು ಮಾಡಿ. ಊರಿನಲ್ಲಿ ಸಾರ್ವಜನಿಕ ಪ್ರದರ್ಶನ ಇಟ್ಟರೆ ಸಾಕ್ಷ್ಯಚಿತ್ರಕ್ಕೂ ಸೆನ್ಸಾರ್ ಪ್ರಮಾಣಪತ್ರ ಬೇಕು, ನೆನಪಿರಲಿ. ಯೂಟ್ಯೂಬ್‌ಗೆ ಕೊನೆಯಲ್ಲಿ ಹಾಕಿ, ಅದೂ ಎಲ್ಲರೂ ಒಪ್ಪಿದರೆ ಮಾತ್ರ. ಅಲ್ಲಿ ಒಮ್ಮೆ ಹರಡಿದ್ದನ್ನು ವಾಪಸ್ ತೆಗೆದುಕೊಳ್ಳಲು ಆಗುವುದಿಲ್ಲ.

ಉಳಿದದ್ದು ಡ್ರೋನ್. 250 ಗ್ರಾಂ ಮೀರದ ಡ್ರೋನ್‌ಗೆ 2021ರ ನಿಯಮಗಳಲ್ಲಿ ಪೈಲಟ್ ಪ್ರಮಾಣಪತ್ರ ಬೇಕಿಲ್ಲ. ಆದರೆ ಎಲ್ಲಿ ಬೇಕಾದರೂ ಹಾರಿಸಬಹುದು ಅಂತಲ್ಲ. ಹಾಸನದಲ್ಲಿ ಇಸ್ರೋದ ಉಪಗ್ರಹ ನಿಯಂತ್ರಣ ಕೇಂದ್ರವೇ ಇದೆ. ಡ್ರೋನ್ ಎಲ್ಲಿ ಹಾರಿಸಬಹುದು ಅಂತ ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕ್ಷೆ ನೋಡದೆ ಊರಿನಲ್ಲಿ ಹಾರಿಸಿದರೆ ಪೊಲೀಸ್ ಠಾಣೆ ನೋಡಬೇಕಾಗುತ್ತದೆ. ತೋಟದ ಮೇಲೆ ಹಾರಿಸಲು ತೊಂದರೆ ಇಲ್ಲದಿದ್ದರೂ ನಾನು ಬೇಡ ಅನ್ನುತ್ತೇನೆ. ಮೇಲಿನಿಂದ ಮೂರು ಎಕರೆಯೂ ಮುನ್ನೂರು ಎಕರೆಯೂ ಒಂದೇ ಹಸಿರು, ಹೋಂಸ್ಟೇ ಜಾಹೀರಾತಿನ ಹಾಗೆ ಕಾಣುತ್ತದೆ. ಆ ಬಾಡಿಗೆಗೆ ಕೊಡುವ ದುಡ್ಡನ್ನು ಮೈಕ್‌ಗೂ ಎರಡನೇ ಹಾರ್ಡ್ ಡಿಸ್ಕ್‌ಗೂ ಸೇರಿಸಿ.